ಚಿತ್ತಿಲ್ಲದ ಅರ್ಜಿಯ ಅಪರಾಧ

ಪರೀಕ್ಷಾ ಮಂಡಳಿಯ ಮೊಹರು ಹಿಡಿದ ಮಾನ್ಯರೇ,

ನನ್ನ ಮಗಳ ಅರ್ಜಿಯನ್ನು ನಿಮ್ಮ ಕಚೇರಿ ಮೂರನೇ ಬಾರಿ ಹಿಂದಿರುಗಿಸಿದೆ. ಸೋಮವಾರ ಪರೀಕ್ಷೆ. ಪ್ರಶ್ನೆಪತ್ರಿಕೆ ಓದಿ ಹೇಳುವ, ಅವಳು ಹೇಳಿದ್ದನ್ನು ಬರೆದುಕೊಳ್ಳುವ ಒಬ್ಬ ಸಹಾಯಕರನ್ನು ಕೊಡಿ ಎಂದಷ್ಟೇ ಕೇಳಿದ್ದೆವು. ನಿಮಗೆ ಕೈ ಮುಗಿಯಬೇಕೋ, ತಲೆ ಚಚ್ಚಿಕೊಳ್ಳಬೇಕೋ ತಿಳಿಯದೆ ಎಲ್ಲರೆದುರು ಈ ಪತ್ರ ಬರೆಯುತ್ತಿದ್ದೇನೆ.

ಅವಳಿಗೆ ಡಿಸ್ಲೆಕ್ಸಿಯಾ ಇದೆ. ವೈದ್ಯರ ಪತ್ರ ಲಗತ್ತಿಸಿದ್ದೆವು. ಯಾರಾದರೂ ಬಿಡಿಸಿ ನೋಡಿದರೇ? ಮಾತು ಮಗುವಿಗೆ ಕೇಳಿ ಕೇಳಿಯೇ ಬರುತ್ತದೆ. ಓದಿಗಾದರೋ ಮೆದುಳು ಬೇರೆ ದಾರಿ ಕಟ್ಟಿಕೊಳ್ಳಬೇಕು, ಕಂಡ ಅಕ್ಷರವನ್ನು ಕೇಳಿದ ಧ್ವನಿಗೆ ಜೋಡಿಸಬೇಕು. ಇವಳಿಗೆ ಆ ಜೋಡಣೆ ಬಲು ಕಷ್ಟ, ಬುದ್ಧಿಗೇನೂ ಕೊರತೆಯಿಲ್ಲ ಎಂದು ಅದರಲ್ಲಿದೆ. ಮೊದಲು ನಾನೂ ನಂಬಲಿಲ್ಲ. ಹದಿನೆಂಟು ವರ್ಷಗಳಿಂದ ಅಚ್ಚುಮನೆಯಲ್ಲಿ ಕರಡು ತಿದ್ದುವವಳು ನಾನು. ನನ್ನ ಹೊಟ್ಟೆಯಲ್ಲಿ ಹುಟ್ಟಿದವಳಿಗೆ ಓದು ಹತ್ತುವುದಿಲ್ಲವೇ? ಸೋಮಾರಿ ಎಂದು ಬೈದೆ, ಹೊಡೆದೆ.

ಇನ್ನು ನಿಮ್ಮ ನಿಯಮವೋ, ಆಹಾ. ಬರೆಯಲಾಗದು ಎಂಬ ಅರ್ಜಿಯನ್ನು ಅಭ್ಯರ್ಥಿಯೇ ಸ್ವಹಸ್ತದಿಂದ, ಚಿತ್ತಿಲ್ಲದೆ ಬರೆಯಬೇಕು. ಚಿತ್ತಿದೆ ಎಂದು ಎರಡು ಬಾರಿ ವಾಪಸ್ಸು ಬಂತು. ಆಗ ನನ್ನ ಕಸುಬಿನ ಹಟ ಕೆರಳಿತು. ಅಡುಗೆಮನೆಯ ಮೇಜಿನ ಮುಂದೆ ಕೂರಿಸಿ, ಹನ್ನೊಂದು ದಿನ ನಾನು ಬರೆದುಕೊಟ್ಟ ಅದೇ ಪುಟವನ್ನು ನಕಲು ಮಾಡಿಸಿದೆ. ಅವಳು ಓದಿ ಬರೆಯಲಿಲ್ಲ ಸ್ವಾಮೀ, ಒಂದೊಂದು ಅಕ್ಷರವನ್ನೂ ಚಿತ್ರದಂತೆ ನೋಡಿ ಇಳಿಸಿದಳು. ಕೊನೆಗೆ ಒಂದೂ ಚಿತ್ತಿಲ್ಲದ ಪುಟ ಸಿದ್ಧವಾಯಿತು. ನಾನು ಹೆಮ್ಮೆಯಿಂದ ಬೀಗಿದೆ.

ನಿಮ್ಮ ಗುಮಾಸ್ತರು ಅದನ್ನು ನೋಡಿ ನಕ್ಕರು. "ಏನಮ್ಮಾ, ಇಷ್ಟು ಮುದ್ದಾಗಿ ಬರೀತಾಳೆ, ಇವಳಿಗ್ಯಾಕೆ ಸಹಾಯಕರು? ನಮ್ಮ ಕಿವಿಗೆ ಹೂ ಇಡಬೇಡಿ." ತಿರಸ್ಕೃತ ಎಂಬ ಮೊಹರು ಬಿತ್ತು.

ಅವಳನ್ನೇ ಕರೆಸಿ. ಯಾವುದಾದರೂ ಪಾಠದ ಒಂದು ಪುಟವನ್ನು ಮುಂದಿಟ್ಟು ಹತ್ತು ನಿಮಿಷ ಪಕ್ಕದಲ್ಲಿ ಕೂತು ನೋಡಿ. ಆಮೇಲೆ ಅದೇ ಪಾಠವನ್ನು ಬಾಯಲ್ಲಿ ಕೇಳಿ. ಸೋಮವಾರದೊಳಗೆ ಸಹಾಯಕರನ್ನು ನೇಮಿಸಿ. ಬೇಡುತ್ತಿದ್ದೇನೆ, ಮಾನ ಮರ್ಯಾದೆ ನೋಡುವ ಸ್ಥಿತಿಯಲ್ಲಿ ನಾನಿಲ್ಲ. ಆ ಪುಟ ಅಷ್ಟು ಚೆಂದವಾಗಿದ್ದುದು ನನ್ನ ತಪ್ಪು, ಅವಳದಲ್ಲ.

ನಿನ್ನೆ ಬೆಳಿಗ್ಗೆ ಅವಳು ಹೊಸ ಅರ್ಜಿ ಹಿಡಿದು ನನ್ನ ಬಳಿ ಬಂದಳು. "ಅಮ್ಮಾ, ಈ ಸಲ ಬೇಕಂತ್ಲೇ ತಪ್ಪು ಮಾಡಿ ಬರೀತೀನಿ. ಎಷ್ಟು ತಪ್ಪಿದ್ರೆ ಒಪ್ತಾರಂತೆ, ಕೇಳ್ತೀಯಾ?"

ಕೇಳುತ್ತಿದ್ದೇನೆ. ಎಷ್ಟು ಬೇಕು, ಹೇಳಿ.

ಇಂತಿ,
ತಿದ್ದಿ ತಿದ್ದಿಯೇ ಕೆಡಿಸಿದ
ಆ ಹುಡುಗಿಯ ಅಮ್ಮ