ಗಡುವು ತಂದವರು ಗೈರು

ಜೂನ್ 23, ಸೋಮವಾರ
ಬೆಳಿಗ್ಗೆಯೆಲ್ಲ ಮೀಟಿಂಗ್, ಮಧ್ಯಾಹ್ನ ಉಪವಿಭಾಗಾಧಿಕಾರಿಯಾಗಿ ನಾನೇ ನಡೆಸುವ ಕಂದಾಯ ಕೋರ್ಟ್. ಕೇಸ್ ವರ್ಕರ್ ಮಧು ಒಂದು ಫೈಲನ್ನು ಮೇಜಿನ ಮೇಲಿಟ್ಟು ಹಾಗೇ ನಿಂತ. ಹೈಕೋರ್ಟ್ ಆದೇಶವಂತೆ — ಈ ತಿಂಗಳ ಮೂವತ್ತರೊಳಗೆ ಮುಗಿಸಬೇಕು. ಭದ್ರಾವತಿ ಕಡೆಯ ಎರಡು ಎಕರೆ ಜಮೀನು. ಧರ್ಮಪ್ಪ ತೀರಿಕೊಂಡ ಮೇಲೆ ತಮ್ಮ ಪರಮೇಶ್ವರಪ್ಪ ಖಾತೆಯನ್ನು ತನ್ನ ಹೆಸರಿಗೆ ಮಾಡಿಸಿಕೊಂಡಿದ್ದಾನೆ. ಧರ್ಮಪ್ಪನ ಹೆಂಡತಿ ಬಸವರಾಜೇಶ್ವರಿ, ನಿವೃತ್ತ ಟೀಚರ್, ಅದರ ಮೇಲೆ ಅಪೀಲು ಹಾಕಿದ್ದಾರೆ. ನನಗಿಂತ ಮೊದಲಿದ್ದ ಸಾಹೇಬರು ನಾಲ್ಕು ವರ್ಷ ಫೈಲಿನ ಮೇಲೆ ನಿದ್ದೆ ಹೊಡೆದರು. ಕುತ್ತಿಗೆಗೆ ಬಂದಿದ್ದು ನನಗೆ! ತಪ್ಪಿದರೆ ಕಂಟೆಂಪ್ಟ್, ನ್ಯಾಯಾಂಗ ನಿಂದನೆ. ತಾರೀಖಿನ ಕೆಳಗೆ ಕೆಂಪು ಗೆರೆ ಎಳೆದೆ. ವಿಚಾರಣೆ ಶುಕ್ರವಾರ, ಭದ್ರಾವತಿ ಕ್ಯಾಂಪಿನಲ್ಲಿ.

ಜೂನ್ 27, ಶುಕ್ರವಾರ
ಇದ್ದಕ್ಕಿದ್ದಂತೆ ಶಿವಮೊಗ್ಗದಲ್ಲಿ ರಿವ್ಯೂ ಮೀಟಿಂಗ್. ಇನ್ನು ಭದ್ರಾವತಿಗೆ ಹೋಗುವುದೆಲ್ಲಿ ಬಂತು… ‘ಎಲ್ಲರಿಗೂ ಇಲ್ಲಿಗೇ ಬರೋಕೆ ಹೇಳಿ’ ಎಂದೆ ಮಧುಗೆ. ಪರಮೇಶ್ವರಪ್ಪ ವಕೀಲರ ಜೊತೆ ಬಂದ. ಬಸವರಾಜೇಶ್ವರಿ ಇಲ್ಲ. ಮೂರು ಸಲ ಕೂಗಿಸಿದೆ. ‘ಮೇಲ್ಮನವಿದಾರರು ಗೈರು. ಅವರಿಗೆ ಹೇಳುವುದೇನೂ ಇಲ್ಲವೆಂದು ಭಾವಿಸಲಾಗಿದೆ’ — ಡಿಕ್ಟೇಟ್ ಮಾಡಿದೆ. ಇಷ್ಟು ಅವಸರದ ಕೇಸು, ಬರುವುದಕ್ಕೂ ಪುರುಸೊತ್ತಿಲ್ಲವೇ? ಸಿಟ್ಟು ಬಂತು. ನಿರಾಳವೂ ಆಯಿತು.

ಜೂನ್ 30
ಸಹಿ ಮಾಡಿದೆ. ಅಪೀಲು ವಜಾ. ಆದೇಶ ಪಾಲಿಸಿದ್ದೇವೆಂದು ಹೈಕೋರ್ಟಿಗೆ ವರದಿಯೂ ಹೋಯಿತು. ಗಡುವಿನೊಳಗೆ! ನನ್ನ ಬೆನ್ನು ನಾನೇ ತಟ್ಟಿಕೊಂಡೆ — ಇನ್ಯಾರು ತಟ್ಟುತ್ತಾರೆ.

ಜುಲೈ 2, ಮಧ್ಯಾಹ್ನ
ಬಸವರಾಜೇಶ್ವರಿ ಬಂದಿದ್ದರು. ಕೂಗಾಡಲಿಲ್ಲ, ಅಳಲಿಲ್ಲ. ‘ಶುಕ್ರವಾರ ಯಾಕೆ ಬರ್ಲಿಲ್ಲ?’ ಎಂದು ಗದರಿದವಳು ನಾನೇ.

‘ಬಂದಿದ್ನಲ್ಲ ಮೇಡಂ, ಭದ್ರಾವತೀಲಿ. ನೋಟೀಸಲ್ಲಿ ಅಲ್ಲೇ ಅಂತಿತ್ತು. ಸಂಜೆವರೆಗೂ ಕೂತಿದ್ದೆ. ಬಾಗ್ಲು ಹಾಕ್ಬೇಕು, ಏಳಿ ಅಮ್ಮ ಅಂದ್ರು.’

ಮಧುವನ್ನು ಕರೆಸಿದೆ. ‘ಪರಮೇಶ್ವರಪ್ಪನ ವಕೀಲರಿಗೆ ಫೋನ್ ಮಾಡ್ದೆ ಮೇಡಂ. ಈ ಅಮ್ಮಂಗೆ ವಕೀಲರಿಲ್ಲ… ನಂಬರೂ ಫೈಲಲ್ಲಿರ್ಲಿಲ್ಲ. ನಿಮಗೆ ಹೇಳೋಣ ಅಂದ್ರೆ ಮೀಟಿಂಗಲ್ಲಿದ್ರಿ.’

ನಾನು ಶಿವಮೊಗ್ಗದಲ್ಲಿ ಕೂಗಿಸುತ್ತಿದ್ದೆ. ಆಕೆ ಭದ್ರಾವತಿಯಲ್ಲಿ ಕಾಯುತ್ತಿದ್ದರು. ದೇವರೇ!

‘ಹೈಕೋರ್ಟಿಂದ ಗಡುವು ತಂದೋಳು ನಾನೇ ಮೇಡಂ. ಬೇಗ ಮುಗ್ಸಿ ಅಂತ ಕೇಳಿದ್ದೆ. ನನ್ನ ಬಿಟ್ಟು ಮುಗ್ಸಿ ಅಂತ ಕೇಳಿರ್ಲಿಲ್ಲ.’

ಅವರು ಹೋದ ಮೇಲೆ ಹೈಕೋರ್ಟ್ ಆದೇಶ ಮತ್ತೆ ಓದಿದೆ. ‘ಉಭಯರ ಮಾತನ್ನೂ ಕೇಳಿ’ ಎಂದು ಅದೇ ವಾಕ್ಯದಲ್ಲಿದೆ. ಗೆರೆ ಎಳೆದದ್ದು ತಾರೀಖಿಗೆ ಮಾತ್ರ.

ಜುಲೈ 3
ಸರ್ಕಾರಿ ವಕೀಲ ಸುದರ್ಶನ ಅವರಿಗೆ ಫೋನ್. ಗೈರಿನಲ್ಲಾದ ಆದೇಶ, ಆಕೆ ಅರ್ಜಿ ಕೊಟ್ಟರೆ ನಾನೇ ರದ್ದು ಮಾಡಬಹುದಂತೆ. ‘ಆದ್ರೆ ಮಾಡ್ಬೇಡಿ ಮಾರಾಯ್ರೆ. ಗಡುವು ಮುಗ್ದಿದೆ. ರದ್ದು ಮಾಡಿದ್ರೆ ಹೈಕೋರ್ಟಲ್ಲಿ ನೀವೇ ಉತ್ತರ ಹೇಳ್ಬೇಕು. ಅವ್ರು ಮೇಲೆ ಅಪೀಲು ಹೋಗ್ಲಿ ಬಿಡಿ.’

ಅಂದರೆ ಇನ್ನೂ ನಾಲ್ಕು ವರ್ಷ. ಆಕೆಗೆ ಎಪ್ಪತ್ತು ದಾಟಿದೆ. ನನಗೆ ಭಯವಾಗುತ್ತಿದೆ. ಸುಳ್ಳೇಕೆ — ‘ಬಿಡಿ’ ಎಂಬ ಮಾತು ಹಿತವಾಗಿಯೇ ಕೇಳಿಸಿತು.

ಜುಲೈ 7
ಮೂರು ದಿನದಿಂದ ಊಟ ರುಚಿಸಿಲ್ಲ. ಇವತ್ತು ಆಕೆ ಆದೇಶ ರದ್ದು ಮಾಡಿ ಎಂಬ ಅರ್ಜಿ ಹಿಡಿದು ಬಂದರು. ಆಗಿದ್ದಾಗಲಿ ಎಂದುಕೊಂಡೆ. ‘ಈಗ್ಲೇ ರದ್ದು ಮಾಡ್ತೀನಿ’ — ಪೆನ್ನು ತೆಗೆದೆ.

‘ನಮ್ಮ ಮೈದ್ನಂಗೆ ತಿಳಿಸಿದ್ದೀರಾ?’

ಇಲ್ಲ.

‘ಹಾಗಾದ್ರೆ ಬೇಡ ಮೇಡಂ. ನಾಳೆ ಅವ್ನೂ ನನ್ನ ಹಂಗೇ ಬಂದು ನಿಲ್ತಾನೆ. ಕರೆಸಿ. ಅವ್ನು ಹೇಳೋದನ್ನೂ ಕೇಳಿ.’

ಪೆನ್ನು ಕೆಳಗಿಟ್ಟೆ. ಅದೇ ತಪ್ಪು, ಎರಡನೇ ಸಲ… ಅದೂ ನ್ಯಾಯ ಮಾಡುತ್ತೇನೆಂಬ ಹುರುಪಿನಲ್ಲಿ! ಖಾತೆ ಕಳೆದುಕೊಂಡಾಕೆ ಕಳೆದುಕೊಳ್ಳುವಂತೆ ಮಾಡಿದವನ ಪರ ಮಾತಾಡುತ್ತಿದ್ದರು. ಇಬ್ಬರಿಗೂ ನೋಟೀಸು ಕೊಡಲು ಹೇಳಿದೆ, ಕೈಗೇ ಕೊಟ್ಟು ಸಹಿ ತರಬೇಕೆಂದು.

ಜುಲೈ 8, ಸಂಜೆ 5
ಹೈಕೋರ್ಟಿನಲ್ಲಿ ಸಮಯ ಕೇಳಬೇಕು. ಸುದರ್ಶನ ಅಫಿಡವಿಟ್ಟಿನ ಕರಡು ಕಳಿಸಿದ್ದಾರೆ. ‘ಆಡಳಿತಾತ್ಮಕ ಕಾರಣಗಳಿಂದ ವಿಳಂಬವಾಗಿದ್ದು’ ಎಂದಿದೆ. ಹೊಡೆದು ಹಾಕಿದೆ. ನಾನೇ ಬರೆಯುತ್ತೇನೆ. ಮೊದಲು ಇಲ್ಲಿ ಬರೆದು ನೋಡುತ್ತೇನೆ —

‘ವಿಚಾರಣೆಯ ಸ್ಥಳ ಬದಲಿಸಿದವಳು ನಾನು. ಮೇಲ್ಮನವಿದಾರರಿಗೆ ಅದು ತಿಳಿಯಲಿಲ್ಲ. ನಿಗದಿಯಾದ ದಿನ, ನಿಗದಿಯಾದ ಜಾಗದಲ್ಲಿ ಅವರು ಹಾಜರಿದ್ದರು. ಗೈರಾಗಿದ್ದವಳು ನಾನು.’