ಆರನೇ ಪ್ರಯೋಗ

ಕಾಲೇಜು ಕ್ವಾರ್ಟರ್ಸ್
ಮಾರ್ಚ್ ೯, ಭಾನುವಾರ

ನನ್ನ ಪ್ರೀತಿಯ ಗುಬ್ಬಿ,

ಹೇಗಿದ್ದೀ ಎಂದು ಕೇಳುವ ಮುಖ ನನಗಿಲ್ಲ. ಆದರೂ ಕೇಳುತ್ತೇನೆ. ಹೇಗಿದ್ದೀ? ನಿನ್ನ ಯಜಮಾನರ ಮಂಡಿನೋವು ಕಡಿಮೆಯಾಯಿತೇ? ನಿನ್ನ ಎರಡು ಪತ್ರಗಳೂ ಕೈಸೇರಿದವು. ಮೊದಲನೆಯದು ಬಂದಾಗ ಪರೀಕ್ಷೆಯ ಪೇಪರ್ ತಿದ್ದುವುದಿದೆ, ಆಮೇಲೆ ಬರೆದರಾಯಿತು ಎಂದುಕೊಂಡೆ. ಎರಡನೆಯದು ಬಂದಾಗ ಹೇಳಿಕೊಳ್ಳಲು ಅಂಥ ನೆಪವೂ ಇರಲಿಲ್ಲ. ಹಾಸ್ಟೆಲಿನ ಒಂದೇ ಕೋಣೆಯಲ್ಲಿ ಐದು ವರ್ಷ ಇದ್ದು, ಒಂದೇ ಬಾಚಣಿಗೆಗೆ ಜಗಳವಾಡಿದವರು ನಾವು. ಮೂರು ವರ್ಷದ ಹಿಂದೆ ನಿನ್ನ ಮರಿ ಹೋದಾಗ ನಾನು ಬರೆದದ್ದು ನಾಲ್ಕೇ ನಾಲ್ಕು ಸಾಲು. ನನ್ನನ್ನು ನಂಬಿ ನೀನು ಈ ಊರಿಗೆ ಓದಲು ಕಳಿಸಿದ ಮಗಳು, ನನ್ನದೇ ತರಗತಿಯಲ್ಲಿ ಕುಳಿತವಳು. ಜ್ವರವೆಂದು ಮನೆಗೆ ಬಂದವಳನ್ನು ಹತ್ತೊಂಬತ್ತೇ ದಿನದಲ್ಲಿ ರಕ್ತದ ಕ್ಯಾನ್ಸರ್ ಕೊಂಡೊಯ್ದಿತು. ಅವಳ ತಾಯಿಗೆ ನಾಲ್ಕು ಸಾಲು ಬರೆದು ಕೈತೊಳೆದುಕೊಂಡೆ. ಬಂದು ನಿನ್ನ ಪಕ್ಕ ಕೂರಲೂ ಇಲ್ಲ. ತಪ್ಪಾಯಿತು ಎನ್ನುವುದು ಸಣ್ಣ ಮಾತು. ಸದ್ಯಕ್ಕೆ ಅದನ್ನೇ ಇಟ್ಟುಕೋ.

ನನ್ನ ಸಮಾಚಾರ ಹೇಳುವಂಥದ್ದೇನಿಲ್ಲ. ನೀವೆಲ್ಲ ಕಡ್ಡಿ ಕಡ್ಡಿ ಎಂದು ಕರೆಯುತ್ತಿದ್ದವಳು ಈಗ ಕಂಬವಾಗಿದ್ದಾಳೆ, ಅಷ್ಟೇ. ಮೊದಲ ವರ್ಷದ ಜೀವಶಾಸ್ತ್ರವನ್ನು ಈಗಲೂ ನನ್ನ ತಲೆಗೇ ಕಟ್ಟಿದ್ದಾರೆ. ತೊಂಬತ್ತು ಮಕ್ಕಳು. ಅರ್ಧ ಜನ ಡಾಕ್ಟರಾಗಬೇಕೆಂದಿದ್ದು ಆಗದ ಸಿಟ್ಟಿನಲ್ಲಿ ಬಂದವರು, ಇನ್ನರ್ಧ ಜನಕ್ಕೆ ಯಾಕೆ ಬಂದೆವೆಂದು ಅವರಿಗೇ ಗೊತ್ತಿಲ್ಲ. ಈರುಳ್ಳಿ ಸಿಪ್ಪೆಯಿಂದ ಶುರುಮಾಡಿ, ಕೆನ್ನೆಯೊಳಗಿನ ಕೋಶ, ಎಲೆಯ ರಂಧ್ರ ಎಂದು ಒಂದೊಂದು ವಾರ ಒಂದೊಂದು ಪ್ರಯೋಗ. ಆರನೇ ವಾರ ರಕ್ತ.

ಗುಬ್ಬಿ, ಕಳೆದ ಸೆಪ್ಟೆಂಬರಿನ ಆ ಆರನೇ ಪ್ರಯೋಗದ ದಿನದಿಂದ ನಾನು ಹೆದರಿಕೆಯಲ್ಲೇ ಇದ್ದೇನೆ. ಸ್ಟಾಫ್ ರೂಮಿನ ಫೋನು ಹೊಡೆದುಕೊಂಡರೆ ಬೇರೆ ಯಾರಾದರೂ ಎತ್ತಲಿ ಎಂದು ಕಾಯುತ್ತೇನೆ. ಏನು ನಡೆಯಿತೆಂದು ನಿನಗೆ ಮೊದಲಿನಿಂದ ಹೇಳುತ್ತೇನೆ.

ಆ ದಿನ ಪ್ರತಿಯೊಬ್ಬರೂ ಹೊಸ ಸೂಜಿಯಿಂದ ತಮ್ಮ ಬೆರಳ ತುದಿ ಚುಚ್ಚಿಕೊಂಡು, ಒಂದು ಹನಿಯನ್ನು ಗಾಜಿನ ಸ್ಲೈಡಿನ ಮೇಲೆ ತೆಳ್ಳಗೆ ಎಳೆದು, ಒಣಗಿಸಿ, ಬಣ್ಣ ಹಾಕಿ, ಮೈಕ್ರೋಸ್ಕೋಪಿನಲ್ಲಿ ನೋಡಬೇಕು. ಪ್ರತಿ ವರ್ಷ ಯಾರಾದರೊಬ್ಬರು ತಲೆಸುತ್ತಿ ಕೂರುವುದುಂಟು. ಈ ಸಲ ಕುಳಿತವನು ವಾಲಿಬಾಲ್ ತಂಡದ ಆರಡಿ ಆಳು. ನಮ್ಮ ಲ್ಯಾಬಿನ ಅಟೆಂಡರಣ್ಣ ಅವನಿಗೆ ನೀರು ಕೊಡುತ್ತ, "ಬೇರೆಯವರ ರಕ್ತ ನೋಡಿ ಬೀಳೋರನ್ನ ಕಂಡಿದ್ದೀನಿ. ಸ್ವಂತದ್ದನ್ನೇ ನೋಡಿ ಬೀಳೋದಾ?" ಎಂದ. ಎಲ್ಲರ ಜೊತೆ ನಾನೂ ನಕ್ಕೆ.

ಆಗ ಕಿಟಕಿ ಪಕ್ಕದ ಮೇಜಿನಿಂದ ಒಬ್ಬಳು ಕೈ ಎತ್ತಿದಳು. ಅವಳಿಗೆ ತರಗತಿಯವರು ಇಟ್ಟ ಹೆಸರು ಯಾಕಮ್ಮ. ಏನು ಹೇಳಿದರೂ "ಯಾಕೆ ಮೇಡಂ?" ಎನ್ನುವುದು ಅವಳ ಅಭ್ಯಾಸ. ಎಲೆ ಹಸಿರು ಯಾಕೆ ಎಂದಾಗ ಉತ್ತರ ಹೇಳಬಹುದು. ಬೇರೆ ಬಣ್ಣ ಯಾಕಿಲ್ಲ ಎಂದರೆ ನಾನೇ ರಾತ್ರಿ ಪುಸ್ತಕ ತೆಗೆಯಬೇಕಾಗುತ್ತದೆ.

"ಮೇಡಂ, ಆರುನೂರು ಏಳುನೂರು ಕೆಂಪುಕಣಕ್ಕೆ ಒಂದು ಬಿಳಿಕಣ ಅಂತ ಹೇಳಿದ್ರಿ. ನನ್ನದರಲ್ಲಿ ಬಿಳಿಯವು ತುಂಬಾ ಇವೆ. ಯಾಕೆ ಮೇಡಂ?"

ನಾನು ಬಗ್ಗಿ ನೋಡಿದೆ.

ಬಿಳಿಕಣ ಹೆಸರಿಗಷ್ಟೇ ಬಿಳಿ. ಬಣ್ಣ ಕುಡಿದ ಮೇಲೆ ಅದರ ಒಳಗಿನ ನ್ಯೂಕ್ಲಿಯಸ್ ಕಡುನೇರಳೆಯಾಗುತ್ತದೆ. ಅಲ್ಲೊಂದು ಇಲ್ಲೊಂದು ಹುಡುಕಿ ತೋರಿಸಬೇಕಾದ ಆ ನೇರಳೆ ಕಣಗಳು ಅವಳ ಸ್ಲೈಡಿನಲ್ಲಿ ಒತ್ತೊತ್ತಾಗಿ ನಿಂತಿದ್ದವು. ಎಲ್ಲವೂ ದೊಡ್ಡವು, ಎಲ್ಲವೂ ಒಂದೇ ಥರ, ಮೈತುಂಬ ನ್ಯೂಕ್ಲಿಯಸ್ಸೇ. ಸ್ಲೈಡನ್ನು ಸರಿಸಿದೆ. ಅಲ್ಲೂ ಅವೇ. ಇನ್ನೂ ಸರಿಸಿದೆ. ತಲೆ ಎತ್ತಿದರೆ ಮುಖ ನೋಡಿಬಿಡುತ್ತಾಳೆ ಎಂದು ಎಷ್ಟೋ ಹೊತ್ತು ಕಣ್ಣನ್ನು ಅಲ್ಲೇ ಇಟ್ಟುಕೊಂಡಿದ್ದೆ.

"ಬಣ್ಣ ಜಾಸ್ತಿ ಆಗಿರಬೇಕು. ಇನ್ನೊಂದು ಮಾಡೋಣ," ಎಂದೆ.

ಎರಡನೆಯದನ್ನು ನಾನೇ ಮಾಡಿದೆ. ಅವಳ ಕೈ ಹಿಡಿದಾಗ ಕಂಡಿತು: ಮೊದಲು ಚುಚ್ಚಿಕೊಂಡಿದ್ದ ಬೆರಳಿನ ಹತ್ತಿ ಇನ್ನೂ ಕೆಂಪಾಗುತ್ತಲೇ ಇತ್ತು. ಉಳಿದವರದು ನಿಂತು ಅರ್ಧ ಗಂಟೆಯಾಗಿತ್ತು. ಮೊಣಕೈ ಮೇಲೆ ಅಂಗೈಯಗಲ ನೀಲಿ.

"ಇದೇನು?"

"ಗೊತ್ತಿಲ್ಲ ಮೇಡಂ. ಎಲ್ಲಿ ತಗಲಿತೋ. ಈಚೆಗೆ ಮುಟ್ಟಿದ್ರೆ ಹೀಗಾಗುತ್ತೆ."

ಎರಡನೇ ಸ್ಲೈಡೂ ಅದನ್ನೇ ಹೇಳಿತು. ಮಕ್ಕಳನ್ನೆಲ್ಲ ಊಟಕ್ಕೆ ಬಿಟ್ಟು, ಅದೇ ಬಣ್ಣದಲ್ಲಿ ನನ್ನ ರಕ್ತದ ಸ್ಲೈಡು ಮಾಡಿ ಪಕ್ಕದಲ್ಲಿಟ್ಟು ನೋಡಿದೆ. ನನ್ನದರಲ್ಲಿ ಬಿಳಿಕಣ ಸಿಗಬೇಕಾದರೆ ಹುಡುಕಬೇಕಾಯಿತು. ಅಟೆಂಡರಣ್ಣನನ್ನು ಕರೆದು ಎರಡನ್ನೂ ತೋರಿಸಿದೆ. ಅವನು ಸಾವಕಾಶವಾಗಿ ನೋಡಿ, "ನನ್ನ ಓದು ಅಷ್ಟಕ್ಕಷ್ಟೇ ಮೇಡಂ. ಆದರೆ ಇಪ್ಪತ್ತೆರಡು ವರ್ಷದಿಂದ ಈ ಸ್ಲೈಡುಗಳನ್ನ ತೊಳೀತಿದ್ದೀನಿ. ಇದು ಬಣ್ಣದ ತಪ್ಪಲ್ಲ," ಎಂದ.

ನಮ್ಮ ವಿಭಾಗದ ಮುಖ್ಯಸ್ಥರ ಕೋಣೆಗೆ ಹೋದೆ. ಅವರು ಡಬ್ಬಿ ತೆರೆದು ಊಟಕ್ಕೆ ಕುಳಿತಿದ್ದರು. ಕೇಳಿದ ಮೇಲೆ ಮುಚ್ಚಳ ಹಾಕಿದರು. ಒಳ್ಳೆಯವರೇ, ಆದರೆ ಅವರಿಗೂ ಹೆದರಿಕೆ.

"ನೋಡಿ ಮೇಡಂ, ನಾವು ಪಾಠ ಹೇಳೋರು, ವೈದ್ಯರಲ್ಲ. ನೀವು ಹೇಳಿದ್ದು ತಪ್ಪಾದ್ರೆ ಒಂದು ಹೆಣ್ಣುಮಗೂನ ಸುಮ್ಮಸುಮ್ಮನೆ ಹೆದರಿಸಿದ ಹಾಗೆ. ಸರಿಯಾದ್ರೆ, ಕಾಲೇಜಲ್ಲಿ ಸೂಜಿ ಯಾಕೆ ಚುಚ್ಚಿಸಿದ್ರಿ ಅಂತ ಮನೆಯವರು ಬರ್ತಾರೆ. ಎರಡು ದಿನ ತಡೀರಿ. ಪ್ರಿನ್ಸಿಪಾಲರು ಊರಿಂದ ಬರಲಿ."

"ಆಯ್ತು ಸರ್," ಎಂದು ಹೊರಗೆ ಬಂದೆ. ಮೆಟ್ಟಿಲ ಹತ್ತಿರ ನಿಂತೆ. ಎರಡು ದಿನ. ಅವರು ಹೇಳಿದ್ದರಲ್ಲಿ ನ್ಯಾಯವಿಲ್ಲದೆ ಇರಲಿಲ್ಲ. ನನ್ನ ಊಹೆ ತಪ್ಪಾಗಿದ್ದರೆ ಎಂಬ ಭಯ ಒಂದು ಕಡೆ. ಸರಿಯಾಗಿದ್ದರೆ ಎಂಬುದು ಅದಕ್ಕಿಂತ ದೊಡ್ಡ ಭಯ. ಕಾಲುಗಳು ತಾವಾಗಿಯೇ ಕ್ಯಾಂಟೀನಿನ ಕಡೆ ನಡೆದವು. ಯಾಕಮ್ಮ ಗೆಳತಿಯರ ನಡುವೆ ಕುಳಿತು ಏನನ್ನೂ ತಿನ್ನದೆ ನೀರು ಕುಡಿಯುತ್ತಿದ್ದಳು.

"ಬ್ಯಾಗ್ ತಗೊಂಡು ನನ್ನ ಜೊತೆ ಬಾಮ್ಮ."

"ಯಾಕೆ ಮೇಡಂ?"

"ಇದೊಂದು ಸಲ ಯಾಕೆ ಅನ್ನಬೇಡ."

ಅವಳು ಅನ್ನಲಿಲ್ಲ. ಬಸ್ಸಿನಲ್ಲಿ ನನ್ನ ಪಕ್ಕ ಕುಳಿತು ನಾಲ್ಕು ಸ್ಟಾಪಿನವರೆಗೂ ಒಂದು ಪ್ರಶ್ನೆಯನ್ನೂ ಕೇಳಲಿಲ್ಲ. ಅವಳ ಎರಡು ಸ್ಲೈಡುಗಳನ್ನೂ ಕರವಸ್ತ್ರದಲ್ಲಿ ಸುತ್ತಿ ಮುಷ್ಟಿಯಲ್ಲಿ ಹಿಡಿದಿದ್ದೆ.

ಆಸ್ಪತ್ರೆಯ ಲ್ಯಾಬಿನವನು ಮೊದಲು, "ಚೀಟಿ ಎಲ್ಲಿ? ಡಾಕ್ಟರ್ ಬರೆದುಕೊಡದೆ ನಾವು ನೋಡೋ ಹಾಗಿಲ್ಲ," ಎಂದ. ಸ್ಲೈಡುಗಳನ್ನು ಅವನ ಕೈಗೇ ಇಟ್ಟು, "ಒಂದು ನಿಮಿಷ ನೋಡಿಬಿಡಪ್ಪ, ಆಮೇಲೆ ಬೈಯಿ," ಎಂದೆ. ಗೊಣಗುತ್ತ ಒಳಗೆ ಹೋದವನು ತಿರುಗಿ ಬರುವಾಗ ಜೊತೆಯಲ್ಲಿ ಡಾಕ್ಟರಮ್ಮನನ್ನು ಕರೆದುಕೊಂಡೇ ಬಂದ. ಆಕೆ ನನ್ನನ್ನು ನೋಡಿ, "ಇದನ್ನ ಮಾಡಿದ್ದು ಯಾರು?" ಎಂದು ಕೇಳಿದರು. ಯಾಕಮ್ಮ ತರಗತಿಯಲ್ಲಿ ಎತ್ತುವ ಹಾಗೆಯೇ ಕೈ ಎತ್ತಿದಳು.

"ಒಂದು ನಾನು ಮಾಡಿದ್ದು, ಒಂದು ಮೇಡಂ ಮಾಡಿದ್ದು. ಎರಡೂ ನನ್ನದೇ ರಕ್ತ."

ಡಾಕ್ಟರಮ್ಮ ಅವಳನ್ನು ಒಳಗೆ ಕರೆದೊಯ್ದು ತಾವೇ ರಕ್ತ ತೆಗೆದು ಪರೀಕ್ಷೆಗೆ ಕೊಟ್ಟರು.

ಕಾಯಿಲೆಯ ಹೆಸರನ್ನು ನಾನು ಇಲ್ಲಿ ಬರೆಯಬೇಕಿಲ್ಲ, ಗುಬ್ಬಿ. ನಿನ್ನ ಮರಿಯದೇ.

ತಂದೆ ಲಾರಿಯಲ್ಲಿ ಎಲ್ಲೋ ದೂರ ಹೋಗಿದ್ದರು. ತಾಯಿ ಹೊಲಿಗೆಯವಳು, ಫೋನಿನಲ್ಲಿ ನಾನು ಏನು ಹೇಳಿದೆನೋ ಏನೋ, ಅಳತೆ ಟೇಪು ಕೊರಳಲ್ಲಿ ಇದ್ದ ಹಾಗೆಯೇ ಓಡಿ ಬಂದಳು. "ಬೆಳಿಗ್ಗೆ ಚೆನ್ನಾಗೇ ಹೋದಳಲ್ಲ. ನೀವೇನು ಮಾಡಿದ್ರಿ ನನ್ನ ಮಗಳಿಗೆ?" ಎಂದು ನನ್ನ ಭುಜ ಹಿಡಿದು ಅಲ್ಲಾಡಿಸಿದಳು. ನಾನು ನಿಂತೇ ಇದ್ದೆ. ಬೈಸಿಕೊಂಡಾಗಲೇ ಸ್ವಲ್ಪ ಉಸಿರಾಡುವಂತಾಯಿತು ಎಂದರೆ ನೀನು ನಂಬುತ್ತೀಯಾ?

ಅಲ್ಲಿಂದ ಈ ಆರು ತಿಂಗಳು. ವಾರಕ್ಕೆರಡು ಸಲ ಕಾಲೇಜು ಮುಗಿಸಿ ಆಸ್ಪತ್ರೆಗೆ ಹೋಗುತ್ತಿದ್ದೆ. ಬಾಗಿಲ ಹತ್ತಿರ ಬಂದಾಗಲೆಲ್ಲ ಹಾಸಿಗೆ ಖಾಲಿ ಕಂಡರೆ ಏನು ಮಾಡುವುದು ಎಂದು ಒಳಗೆ ಕಾಲಿಡಲು ಆಗುತ್ತಿರಲಿಲ್ಲ. ಒಂದು ದಿನ ನಿಜವಾಗಿ ಖಾಲಿ ಇತ್ತು. ಅಲ್ಲೇ ಕುಸಿದೆ. ಸ್ಕ್ಯಾನಿಗೆ ಕರೆದೊಯ್ದಿದ್ದಾರೆ ಎಂದು ನರ್ಸಮ್ಮ ಹೇಳಿದ್ದು ಕಿವಿಗೆ ಬೀಳುವಷ್ಟರಲ್ಲಿ ಬೇರೆ ರೋಗಿಗಳ ಮನೆಯವರು ನನಗೆ ಗಾಳಿ ಹಾಕುತ್ತಿದ್ದರು. ಯಾಕಮ್ಮನ ಕೂದಲೆಲ್ಲ ಹೋಯಿತು, ಬಾಯಲ್ಲಿ ಹುಣ್ಣು, ನವೆಂಬರಿನಲ್ಲಿ ನಾಲ್ಕು ದಿನ ಯಾರನ್ನೂ ಗುರುತಿಸಲಿಲ್ಲ. ಸ್ವಲ್ಪ ಚೇತರಿಸಿಕೊಂಡಾಗ ಅವಳು ಕೇಳಿದ ಮೊದಲ ಪ್ರಶ್ನೆ, "ಈ ಮದ್ದು ಕೂದಲನ್ನೂ ಯಾಕೆ ಕೊಲ್ಲುತ್ತೆ ಮೇಡಂ?" ಬೇಗ ಬೇಗ ಒಡೆದು ಎರಡಾಗುವ ಕೋಶಗಳನ್ನೆಲ್ಲ ಅದು ಕೊಲ್ಲುತ್ತದೆ, ಒಳ್ಳೆಯದು ಕೆಟ್ಟದ್ದು ನೋಡುವುದಿಲ್ಲ ಎಂದೆ. "ಪಾಪ, ಅದಕ್ಕೂ ಗೊತ್ತಾಗಲ್ಲ," ಎಂದಳು.

ಹೋದ ಮಂಗಳವಾರದ ವರದಿಯಲ್ಲಿ ಆ ಕಣಗಳು ಕಾಣಿಸಲಿಲ್ಲವಂತೆ. ಇನ್ನೂ ಎರಡು ವರ್ಷ ಮದ್ದು ನಡೆಯಬೇಕು, ಈಗಲೇ ಗೆದ್ದೆವು ಅನ್ನಬೇಡಿ ಎಂದು ಡಾಕ್ಟರಮ್ಮ ಎಚ್ಚರಿಸಿದರು. "ಸೋಂಕು ಹತ್ತೋಕೆ ಮುಂಚೆ ಕರ್ಕೊಂಡು ಬಂದ್ರಿ. ಅದೇ ದೊಡ್ಡದು," ಎಂದರು. "ಎರಡು ತಿಂಗಳು ತಡವಾಗಿದ್ರೆ?" ಎಂದು ಕೇಳಿದೆ. ಅವರು ನನ್ನ ಮುಖವನ್ನೇ ನೋಡಿ, "ಆಗಿಲ್ಲವಲ್ಲ, ಅದು ಯಾಕೀಗ?" ಎಂದರು. ಬಿಡಲಿಲ್ಲ ನಾನು. "ಹೇಳೋಕೆ ಬರಲ್ಲ. ಕೆಲವರು ಉಳೀತಾರೆ, ಕೆಲವರು ಇಲ್ಲ," ಎಂದರು.

ಕಾಲೇಜಿನಲ್ಲಿ ನಾನೀಗ ದೊಡ್ಡ ಮನುಷ್ಯಳು. ಮುಖ್ಯಸ್ಥರು ಮೀಟಿಂಗಿನಲ್ಲಿ ಎದ್ದು ನಿಂತು, "ಮೇಡಂ ಕಣ್ಣು ಅಂದ್ರೆ ಕಣ್ಣು," ಎಂದರು. ಎಲ್ಲರೂ ಚಪ್ಪಾಳೆ ಹೊಡೆದರು. ನಾನು ಎದ್ದು ಹೊರಗೆ ಹೋದೆ. ಯಾಕಮ್ಮನ ತಾಯಿ ನನ್ನ ಎರಡೂ ಕೈ ಹಿಡಿದು ಕಣ್ಣಿಗೊತ್ತಿಕೊಂಡಾಗ, ಬಿಡಮ್ಮ ಬಿಡು ಎಂದು ಕೈ ಕಿತ್ತುಕೊಂಡೆ. ಆಕೆ ಅದನ್ನು ವಿನಯ ಎಂದುಕೊಂಡಳು.

ನಿನ್ನ ಎರಡನೇ ಪತ್ರದಲ್ಲಿ, ಚಿಕ್ಕವಳೂ ಜೀವಶಾಸ್ತ್ರವನ್ನೇ ಓದುತ್ತಾಳಂತೆ, ಅಕ್ಕ ಓದಿದ ಕಾಲೇಜಿಗೇ ಹೋಗುತ್ತಾಳಂತೆ, "ನೀನಿದ್ದೀಯಲ್ಲ, ನನಗೇನು ಭಯ" ಎಂದು ಬರೆದಿದ್ದೀ. ಜೂನಿಗೆ ಮೊದಲು ಉತ್ತರ ಕೊಡು ಎಂದೂ ಕೇಳಿದ್ದೀ. ಆ ಸಾಲನ್ನು ಎಷ್ಟು ಸಲ ಓದಿದೆನೋ. ಅವಳು ಎಲ್ಲಿ ಓದಿದರೂ ಸುಖವಾಗಿರಲಿ, ನೂರು ವರ್ಷ ಬಾಳಲಿ. ನಿನ್ನ ಮನೆಯ ಬಾಗಿಲಿಗೆ ಇನ್ನೊಂದು ಕಷ್ಟ ಬಾರದಿರಲಿ. ನಿನ್ನ ಯಜಮಾನರಿಗೆ ನನ್ನ ನಮಸ್ಕಾರ, ಚಿಕ್ಕವಳಿಗೆ ನನ್ನ ಆಶೀರ್ವಾದ.

ಇಂತು ನಿನ್ನ,
ಕಡ್ಡಿ

ತಾ.ಕ.: ಪತ್ರವನ್ನು ಕವರಿಗೆ ಹಾಕಿ ಅಂಟಿಸಿ, ಮತ್ತೆ ಹರಿದು ತೆಗೆದೆ. ಇದೊಂದನ್ನು ಬರೆಯಲಾರದೆ ಅಷ್ಟೆಲ್ಲ ಬರೆದೆ.

ಮರಿಯ ಪ್ರಾಕ್ಟಿಕಲ್ ರೆಕಾರ್ಡು ಪುಸ್ತಕ ನಿನ್ನ ಹತ್ತಿರ ಇದೆ. ಹಾಸ್ಟೆಲಿನಿಂದ ಅವಳ ಸಾಮಾನು ಕಳಿಸುವಾಗ ಪೆಟ್ಟಿಗೆಗೆ ಹಾಕಿದವಳು ನಾನೇ. ಹರಿದುಬಿಡೋಣ ಎಂದು ಒಮ್ಮೆ ಮನಸ್ಸಿಗೆ ಬಂದಿತ್ತು. ಅವಳ ಕೈಬರಹ ನೋಡಿ ಆಗಲಿಲ್ಲ. ಅದರಲ್ಲಿ ಆರನೇ ಪ್ರಯೋಗದ ಪುಟ ತೆಗೆ. ಅವಳು ಜ್ವರವೆಂದು ಊರಿಗೆ ಬಂದದ್ದಕ್ಕೆ ಎಂಟು ವಾರ ಮುಂಚಿನ ಪುಟ ಅದು.

ಆ ದಿನ ಅವಳು ತನ್ನ ರಕ್ತದಲ್ಲಿ ಕಂಡದ್ದನ್ನು ಕಂಡ ಹಾಗೆಯೇ ಪೆನ್ಸಿಲಿನಲ್ಲಿ ಚಿತ್ರ ಬರೆದು ತಂದಿದ್ದಳು. ವೃತ್ತದ ತುಂಬ ದೊಡ್ಡ ದೊಡ್ಡ ಬಿಳಿಕಣ. "ಒಂದ್ಸಲ ನೋಡ್ತೀರಾ ಮೇಡಂ?" ಎಂದಳು. ಮೈಕ್ರೋಸ್ಕೋಪು ನನ್ನಿಂದ ಎರಡು ಹೆಜ್ಜೆ ದೂರದಲ್ಲಿತ್ತು. ಇನ್ನೂ ಮೂವತ್ತು ಪುಸ್ತಕ ತಿದ್ದುವುದಿತ್ತು. ನಾನು ಏಳಲಿಲ್ಲ. "ಹೀಗೆಲ್ಲ ಇರಲ್ಲಮ್ಮ, ಪುಸ್ತಕದಲ್ಲಿ ಹೇಗಿದೆಯೋ ಹಾಗೆ ಬರಿ," ಎಂದು ಹತ್ತಕ್ಕೆ ನಾಲ್ಕು ಹಾಕಿ, ಕೆಂಪು ಶಾಯಿಯಲ್ಲಿ "ತಪ್ಪು" ಎಂದು ಬರೆದೆ. ಮರುವಾರ ಅದೇ ಪುಟವನ್ನು ತಿದ್ದಿಕೊಂಡು ತಂದಳು. ವೃತ್ತದೊಳಗೆ ಎರಡೇ ಬಿಳಿಕಣ, ಪುಸ್ತಕದಲ್ಲಿದ್ದ ಹಾಗೆ. ನಾಲ್ಕನ್ನು ಹೊಡೆದು ಒಂಬತ್ತು ಮಾಡಿದೆ.

ಚಿಕ್ಕವಳನ್ನು ಎಲ್ಲಿಗೆ ಕಳಿಸುವುದೆಂದು ಇದನ್ನು ಓದಿದ ಮೇಲೆ ನಿರ್ಧರಿಸು. ನೀನು ಏನು ಬರೆದರೂ, ಏನನ್ನೂ ಬರೆಯದಿದ್ದರೂ, ನಾನು ಒಪ್ಪಿಕೊಳ್ಳುತ್ತೇನೆ.

ಆ ಪುಟವನ್ನು ಕಿಟಕಿಯ ಬೆಳಕಿಗೆ ಹಿಡಿದರೆ ಅವಳು ರಬ್ಬರಿನಿಂದ ಅಳಿಸಿದ ಬಿಳಿಕಣಗಳ ಗುರುತುಗಳು ಈಗಲೂ ಕಾಣುತ್ತವೆ. ಪೆಟ್ಟಿಗೆ ಮುಚ್ಚುವ ಮೊದಲು ನಾನು ಎಣಿಸಿದ್ದೆ. ಇಪ್ಪತ್ತಾರು ಇವೆ.