ಐದು ನಿಮಿಷ ಸುಮ್ಮನೆ ಕೂರುವುದು

ಮನೆ, ಬುಧವಾರ, ಮಾರ್ಚ್ ೧೨

ಪ್ರೀತಿಯ ಅಕ್ಕಾ,

ಹೇಗಿದ್ದೀಯ? ಕಾಲಿನ ಊತ ಇಳಿಯಿತೇ? ಡಯಾಲಿಸಿಸ್ ಆದ ದಿನ ನಿನಗೆ ಸುಸ್ತು ಜಾಸ್ತಿ ಎಂದು ಭಾವ ಹೇಳಿದರು. ಉತ್ತರ ಬರೆಯುವ ಗೋಜಿಗೆ ಹೋಗಬೇಡ, ಮಲಗಿಕೊಂಡೇ ಓದು.

ನಿನಗೆ ಕಿಡ್ನಿ ಕೊಡಲು ನಾನು ಲಾಯಕ್ಕೋ ಅಲ್ಲವೋ ಎಂದು ಹೋದ ವಾರ ನೋಡಿದಾಗ ಬಿ.ಪಿ. ನೂರ ಐವತ್ತೆಂಟು ತೋರಿಸಿತಲ್ಲ, ಅದರ ಕಥೆ ಕೇಳು. ಹೊಲಿಗೆ ಅಂಗಡಿಯಿಂದ ಆಸ್ಪತ್ರೆಗೆ ಓಡಿಕೊಂಡು ಹೋಗಿದ್ದೆ. ದಾರಿಯಲ್ಲಿ ಗಂಟಲಿಗೆ ಸುರಿದುಕೊಂಡ ಕಾಫಿ, ಲಿಫ್ಟ್ ಕೆಟ್ಟು ಮೂರು ಮಹಡಿ ಮೆಟ್ಟಿಲು, ಬಾತ್‌ರೂಮಿಗೆ ಹೋಗಲೂ ಪುರುಸೊತ್ತಿಲ್ಲ. ಬಿಗಿ ತೋಳಿನ ಬಟ್ಟೆಯ ಮೇಲೆಯೇ ಪಟ್ಟಿ ಸುತ್ತಿದರು. ನಾನೋ ಕಾಲ ಮೇಲೆ ಕಾಲು ಹಾಕಿಕೊಂಡು ನಿನ್ನ ಸುದ್ದಿ ಹೇಳುತ್ತಲೇ ಇದ್ದೆ. ಡಾಕ್ಟರು ಕನ್ನಡಕದ ಮೇಲಿಂದ ನೋಡಿ, "ಹೀಗೆ ಬಂದ್ರೆ ಯಾರ ಬಿ.ಪಿ. ಏರಲ್ಲಮ್ಮಾ? ಮುಂದಿನ ಬುಧವಾರ ಬನ್ನಿ. ಅರ್ಧ ಗಂಟೆ ಮೊದ್ಲಿಂದ ಕಾಫಿ ಬೇಡ, ಓಡಾಟ ಬೇಡ. ಆಗ್ಲೂ ಹೀಗೇ ಇದ್ರೆ ನಿಮ್ಮಿಂದ ತಗೊಳ್ಳೋಕಾಗಲ್ಲ" ಎಂದರು.

ಅಲ್ಲಿಂದ ಈಚೆಗೆ ನಿಂತಲ್ಲಿ ನಿಲ್ಲಲಾಗುತ್ತಿಲ್ಲ. ನಿನ್ನೆ ಅಂಗಡಿಯಲ್ಲಿ ಬಲತೋಳನ್ನು ಎಡಗಡೆಗೆ ಹೊಲಿದೆ, ಬಿಚ್ಚಿ ಮತ್ತೆ ಎಡಗಡೆಗೇ ಹೊಲಿದೆ. ರಾತ್ರಿ ಊಟಕ್ಕೆ ಮುಂಚೆ ಇವರು ನನ್ನನ್ನು ಕುರ್ಚಿಯಲ್ಲಿ ಕೂರಿಸಿ ಅಭ್ಯಾಸ ಮಾಡಿಸಿದರು: ಬೆನ್ನಿಗೆ ಒರಗು, ಪಾದ ನೆಲಕ್ಕೆ ಊರು, ಕೈ ಎದೆಯ ಮಟ್ಟಕ್ಕೆ ಮೇಜಿನ ಮೇಲೆ. "ಐದು ನಿಮಿಷ ಬಾಯಿ ಮುಚ್ಕೊಂಡಿರೋದು ನಿನ್ ಕೈಲಾಗುತ್ತಾ?" ಎಂದು ನಕ್ಕರು. ಎರಡನೇ ನಿಮಿಷಕ್ಕೇ ಹಾಲು ಉಕ್ಕಿತೆಂದು ಎದ್ದು ಓಡಿದೆ. ಒಲೆಯನ್ನೇ ಹಚ್ಚಿರಲಿಲ್ಲ!

ಇವತ್ತು ಸಡಿಲ ತೋಳಿನ ಅಂಗಿ ತೊಟ್ಟು, ಇವರ ಜೊತೆ ಒಂದು ಗಂಟೆ ಮುಂಚೆಯೇ ಹೋಗಿ ಕುಳಿತೆ. ನರ್ಸು ಬರಿತೋಳಿಗೆ ಪಟ್ಟಿ ಸುತ್ತುವಾಗ ಬಾಯಿ ತೆರೆದೆ. "ಮಾತು ಆಮೇಲೆ, ಮೇಡಂ" ಎಂದಳು. ನೂರ ಇಪ್ಪತ್ತೆರಡು. ಸ್ವಲ್ಪ ಹೊತ್ತು ಬಿಟ್ಟು ಇನ್ನೊಮ್ಮೆ ನೋಡಿದಳು, ನೂರ ಹದಿನೆಂಟು! ಮುಂದಿನ ಪರೀಕ್ಷೆಗಳಿಗೆ ಚೀಟಿ ಸಿಕ್ಕಿದೆ.

ಭಾವನಿಗೆ ನಮಸ್ಕಾರ ಹೇಳು. ಹೊತ್ತಿಗೆ ಸರಿಯಾಗಿ ಮಾತ್ರೆ ನುಂಗು.

ನಿನ್ನ ವಟವಟ ತಂಗಿ

ತಾ.ಕ.: ಅಂಚೆಯವನು ಬರುವ ಹೊತ್ತಾಯಿತು, ಆದರೂ ಇದನ್ನು ಮುಚ್ಚಿಟ್ಟು ಲಕೋಟೆ ಅಂಟಿಸಲಾರೆ. ಹೋದ ವಾರ ಡಾಕ್ಟರು ನನ್ನಿಂದ ಆಗುವುದಿಲ್ಲವೇನೋ ಎಂದಾಗ ಒಂದು ಕ್ಷಣ ನನಗೆ ಹಾಯೆನಿಸಿತ್ತು, ಅಕ್ಕಾ. ಅಷ್ಟು ಹೆದರಿಕೆ. ಇವತ್ತು ಡಾಕ್ಟರು ಇವರನ್ನು ಹೊರಗೆ ಕಳಿಸಿ, "ನಿಮಗೆ ಇಷ್ಟ ಇಲ್ದಿದ್ರೆ ಹೇಳಿ, ಪರೀಕ್ಷೆಯಲ್ಲಿ ಆಗಲಿಲ್ಲ ಅಂತ ನಾನೇ ಹೇಳ್ತೀನಿ, ಯಾರಿಗೂ ಗೊತ್ತಾಗಲ್ಲ" ಎಂದರು. ಬೇಡ, ಕೊಡುತ್ತೇನೆ ಎಂದೆ. ಹೆದರಿಕೆ ಇನ್ನೂ ಹೋಗಿಲ್ಲ. ಶನಿವಾರ ಬರುತ್ತೇನೆ, ಆ ರಾತ್ರಿ ನನ್ನ ಪಕ್ಕದಲ್ಲೇ ಮಲಗು.